ನಮ್ಮೂರ ಕಾಲೇಜಿನ ಫೈನಲ್ ಯಾವ ಚಾನೆಲ್ಲಿನಲ್ಲಿ?

ಅಮೆರಿಕದ ಕಾಲೇಜು ಬಾಸ್ಕೆಟ್‌ಬಾಲ್ ಫೈನಲ್ ಅಲ್ಲಿ ಏಪ್ರಿಲ್‌ನ ಒಂದು ಸೋಮವಾರ ರಾತ್ರಿ. ಕಾರವಾರದಲ್ಲಿ ಆಗ ಮಂಗಳವಾರ ಬೆಳಗಿನ ಚಾ ಹೊತ್ತು. ಆಟದ ತುಣುಕುಗಳು ಯೂಟ್ಯೂಬಿನಲ್ಲಿ ಸಿಗುತ್ತವೆ.

ನಮ್ಮ ದೇಶದ್ದು ಬೇಕೇ? ಖೇಲೋ ಇಂಡಿಯಾ ವಿಶ್ವವಿದ್ಯಾಲಯ ಕ್ರೀಡಾಕೂಟಕ್ಕೆ ಡಿಡಿ ಸ್ಪೋರ್ಟ್ಸ್ ಹಾಕಿ. ಫ್ರೀ ಡಿಶ್‌ಗೆ ತಿಂಗಳ ದುಡ್ಡಿಲ್ಲ. 2022ರಲ್ಲಿ ಈ ಕೂಟ ಬೆಂಗಳೂರಲ್ಲೇ ನಡೆದು, ಜೈನ್ ವಿಶ್ವವಿದ್ಯಾಲಯ ಮೊದಲ ಸ್ಥಾನ ಪಡೆದಿತ್ತು. ಟಿವಿ ಇಲ್ಲದವರಿಗೆ ಪ್ರಸಾರ ಭಾರತಿಯ ವೇವ್ಸ್ ಆಪ್ ಇದೆ, 2024ರ ನವೆಂಬರಿನಲ್ಲಿ ನಮ್ಮ ಪಕ್ಕದ ಗೋವಾದಲ್ಲೇ ಬಿಡುಗಡೆಯಾದದ್ದು.

ಸರಿ, ಕಾರವಾರ, ಅಂಕೋಲೆಯ ಹುಡುಗಿಯರು ಧಾರವಾಡಕ್ಕೆ ಹೋಗಿ ಕರ್ನಾಟಕ ವಿಶ್ವವಿದ್ಯಾಲಯದ ಅಂತರ ಕಾಲೇಜು ಪಂದ್ಯ ಆಡಿದರೆ? ಅದು ಎಲ್ಲೂ ಬರೋದಿಲ್ಲ! ನನ್ನ ತಂಗಿ ಫೈನಲ್ ಆಡಿದಾಗ ಅಂಕೋಲೆಯಲ್ಲಿದ್ದ ಆಯಿಗೆ ಸಿಕ್ಕಿದ್ದು ಮರುದಿನದ ಪೇಪರಿನ ನಾಲ್ಕು ಸಾಲು. ಅದರಲ್ಲೂ ಮಗಳ ಹೆಸರು ತಪ್ಪು. ಆಯಿ ಆ ತುಂಡನ್ನು ಇನ್ನೂ ಇಟ್ಟುಕೊಂಡಿದ್ದಾಳೆ...

ಇದಕ್ಕೆ ದೊಡ್ಡ ಕ್ಯಾಮೆರಾ ಬೇಕಿಲ್ಲ ಅನ್ನೋದು ನನ್ನ ವಾದ. ಒಂದು ಮೊಬೈಲು, ಒಂದು ಸ್ಟ್ಯಾಂಡು, 50 ಜನ ಸಬ್‌ಸ್ಕ್ರೈಬರ್ ಇರುವ ಯೂಟ್ಯೂಬ್ ಚಾನೆಲ್ಲು. ಇಷ್ಟಿದ್ದರೆ ಲೈವ್ ಹಾಕಬಹುದು. ಕಾಲೇಜಿನವರು ಇಷ್ಟಾದರೂ ಮಾಡಬಾರದೇ? ಊರಿನ ಆಟ ನೋಡೋಕೆ ಊರವರೇ ಕಾಯುತ್ತಿದ್ದಾರೆ.

ನೀವೇನಂತೀರಿ?