45 ಮತಗಳ ಪ್ರತಿನಿಧಿ

ಕಾಫಿ ಮಂಡಳಿಯ ಕೆಲಸಕ್ಕೆಂದು ಬೆಂಗಳೂರಿಗೆ ಹೋಗಿಬರುವ ಸದಸ್ಯ ಬಾಂಧವರು ಕಬ್ಬನ್ ಪಾರ್ಕಿನ ಆಚೆ ಎದ್ದು ನಿಂತಿರುವ ಯು.ಬಿ. ಸಿಟಿಯ ಗೋಪುರಗಳನ್ನು ನೋಡಿಯೇ ಇರುತ್ತಾರೆ. ಮೊದಲು ಅಲ್ಲಿ ಬಿಯರ್ ಕಾರ್ಖಾನೆಯಿತ್ತು. ಎದುರಿನ ರಸ್ತೆಗೆ ಗ್ರ್ಯಾಂಟ್ ರಸ್ತೆ ಎಂದು ಹೆಸರಿತ್ತು. ಈಗ ಅದು ವಿಠಲ ಮಲ್ಯ ರಸ್ತೆ. ಆ ವಿಠಲ ಮಲ್ಯರ ಪುತ್ರ ಶ್ರೀ ವಿಜಯ್ ಮಲ್ಯರು ನಮ್ಮ ರಾಜ್ಯದ ಹೆಸರಿನಲ್ಲಿ ಎರಡು ಬಾರಿ ರಾಜ್ಯಸಭೆಗೆ ಆಯ್ಕೆಯಾದರು. ಅವರ ವಿಲಾಸದ ಕಥೆಯನ್ನು ಪತ್ರಿಕೆಗಳು ಬೇಕಾದಷ್ಟು ಬರೆದಿವೆ. ಅವರು ಅಲ್ಲಿಗೆ ಹೋದ ದಾರಿಯ ಬಗ್ಗೆ ಬೆಳೆಗಾರರಾದ ನಾವು ನಾಲ್ಕು ಮಾತು ಆಡಬೇಕಾಗಿದೆ.

1809ರಲ್ಲಿ ಹಲಸೂರಿನ ಬಳಿ ಬ್ರಿಟಿಷರ ದಂಡು ನೆಲೆಯೂರಿತು. ಸಿಪಾಯಿಗಳು ಬಂದಲ್ಲಿಗೆ ಬಿಯರ್ ಬಂತು. ದೊಡ್ಡ ಪೀಪಾಯಿಗಳಲ್ಲಿ ತುಂಬಿ ಎತ್ತಿನ ಗಾಡಿಯ ಮೇಲೆ ಸಾಗಿಸುತ್ತಿದ್ದರಂತೆ. 1915ರಲ್ಲಿ ಥಾಮಸ್ ಲೀಷ್‌ಮನ್ ಎಂಬ ಸ್ಕಾಟ್‌ಲೆಂಡಿನವನು ದಕ್ಷಿಣದ ಐದು ಬಿಯರ್ ಕಾರ್ಖಾನೆಗಳನ್ನು ಒಂದುಗೂಡಿಸಿ ಯುನೈಟೆಡ್ ಬ್ರೂವರೀಸ್ ಸ್ಥಾಪಿಸಿದ. ಬಂಟ್ವಾಳ ಮೂಲದ, ಅಂದರೆ ನಮ್ಮ ಅಡಿಕೆ ಸೀಮೆಯವರೇ ಆದ ವಿಠಲ ಮಲ್ಯರು ಅದರ ಷೇರುಗಳನ್ನು ಕೊಂಡು 1947ರಲ್ಲಿ ಮೊದಲ ಭಾರತೀಯ ನಿರ್ದೇಶಕರಾದರು, ಮರುವರ್ಷವೇ ಅಧ್ಯಕ್ಷರಾದರು. ಮಿತಮಾತಿನ, ಲೆಕ್ಕದಲ್ಲಿ ಗಟ್ಟಿಗರೆಂದು ಹೆಸರಾಗಿದ್ದ ಅವರು 1983ರಲ್ಲಿ ತೀರಿಕೊಂಡಾಗ ಇಡೀ ವ್ಯವಹಾರ 27 ವರ್ಷದ ಮಗನ ಕೈಗೆ ಬಂತು.

ಅದೇ 1983ರಲ್ಲಿ ರಾಜ್ಯದ ಮತದಾರರು ಚಕ್ರದೊಳಗೆ ನೇಗಿಲು ಹೊತ್ತ ರೈತನ ಗುರುತಿಗೆ ಮುದ್ರೆಯೊತ್ತಿ ಜನತಾ ಪಕ್ಷಕ್ಕೆ ಅಧಿಕಾರ ಕೊಟ್ಟಿದ್ದರು. ನಮ್ಮಲ್ಲಿ ಹಿರಿಯರಿಗೆ ಅದು ನೆನಪಿರಬೇಕು. ಇಪ್ಪತ್ತು ವರ್ಷದ ಮೇಲೆ, 2003ರಲ್ಲಿ, ಅಳಿದುಳಿದ ಆ ಪಕ್ಷವನ್ನು ಸೇರಿ ಅದರ ಕಾರ್ಯಾಧ್ಯಕ್ಷರಾದವರು ಈ ಮದ್ಯೋದ್ಯಮಿ. ನೇಗಿಲ ರೈತನ ಗುರುತು ಬಿಯರ್ ದೊರೆಯ ಕೈಗೆ! ಲಂಡನ್ನಿನ ಹರಾಜಿನಲ್ಲಿ ಟಿಪ್ಪುವಿನ ಕತ್ತಿಯನ್ನು ಕೊಂಡ ಸುದ್ದಿಯೂ ಚುನಾವಣೆಯ ಹೊತ್ತಿಗೇ ಹೊರಬಿತ್ತು. ಪ್ರಚಾರದಲ್ಲಿ ಅಬ್ಬರಕ್ಕೆ ಕೊರತೆಯಿರಲಿಲ್ಲ. 2004ರ ಫಲಿತಾಂಶ ಬಂದಾಗ 224 ಸ್ಥಾನಗಳ ವಿಧಾನಸಭೆಯಲ್ಲಿ ಪಕ್ಷಕ್ಕೆ ಒಂದೇ ಒಂದು ಸ್ಥಾನವೂ ಇರಲಿಲ್ಲ. ಜನರನ್ನು ದುಡ್ಡಿಗೆ ಮಾರುಹೋಗುವವರೆಂದು ಹಗುರವಾಗಿ ಮಾತಾಡುವವರು ಈ ಸೊನ್ನೆಯನ್ನು ಮರೆಯುತ್ತಾರೆ.

ಆದರೆ ಶ್ರೀ ಮಲ್ಯರಿಗೆ ಇನ್ನೊಂದು ಬಾಗಿಲು ತೆರೆದಿತ್ತು. ರಾಜ್ಯಸಭೆಗೆ ಮತ ಹಾಕುವವರು ನಾವಲ್ಲ, ನಮ್ಮ ಶಾಸಕರು. ನಾಲ್ಕು ಸ್ಥಾನಗಳಿಗೆ ಚುನಾವಣೆ ನಡೆದರೆ ನಮ್ಮ ವಿಧಾನಸಭೆಯ ಲೆಕ್ಕದಲ್ಲಿ ಒಬ್ಬರ ಗೆಲುವಿಗೆ ಸುಮಾರು 45 ಮತ ಸಾಕು. 2002ರಲ್ಲಿ ಪಕ್ಷೇತರರಾಗಿ ಕಾಂಗ್ರೆಸ್ ಮತ್ತು ಜನತಾದಳ (ಎಸ್) ಬೆಂಬಲದಿಂದ, 2010ರಲ್ಲಿ ಮತ್ತೆ ಪಕ್ಷೇತರರಾಗಿ ಬಿ.ಜೆ.ಪಿ. ಮತ್ತು ಜನತಾದಳ (ಎಸ್) ಬೆಂಬಲದಿಂದ ಅವರು ಗೆದ್ದರು. ಒಂದು ಪಕ್ಷದವರನ್ನು ಬೈದು ಇನ್ನೊಂದು ಪಕ್ಷದವರು ಪಾರಾಗುವಂತಿಲ್ಲ. ಊರೂರು ಸುತ್ತಿ ಕೇಳಿದಾಗ ಜನ ಕೊಡದಿದ್ದುದನ್ನು ಆ ಜನರೇ ಆರಿಸಿದ ಶಾಸಕರು ಕೊಟ್ಟರು.

2005ರಲ್ಲಿ ಅವರು ಕಿಂಗ್‌ಫಿಷರ್ ವಿಮಾನ ಸಂಸ್ಥೆಯನ್ನು ಆರಂಭಿಸಿದರು. ವಿಮಾನ ಸಂಸ್ಥೆಯ ಒಡೆಯರಾಗಿದ್ದವರು ನಾಗರಿಕ ವಿಮಾನಯಾನ ಸಚಿವಾಲಯದ ಸಂಸದೀಯ ಸಲಹಾ ಸಮಿತಿಯಲ್ಲಿಯೂ ಸದಸ್ಯರಾಗಿದ್ದರು. ನಮ್ಮ ಸಂಘಗಳಲ್ಲಿ ಗೊಬ್ಬರದ ವ್ಯಾಪಾರಿಯನ್ನು ಗೊಬ್ಬರ ಖರೀದಿ ಸಮಿತಿಗೆ ಹಾಕಿದರೆ ಮಹಾಸಭೆಯಲ್ಲಿ ಎಷ್ಟು ಜನ ಎದ್ದು ನಿಲ್ಲುತ್ತಿದ್ದರು ಎಂಬುದನ್ನು ಸದಸ್ಯರು ಯೋಚಿಸಲಿ.

ದ್ರಾಕ್ಷಿಯ ವಿಷಯವನ್ನೂ ಹೇಳಬೇಕು. ಕೃಷ್ಣರಾಜಪುರ ದಾಟಿ ಹೊಸಕೋಟೆಯ ಕಡೆಗೆ, ಇತ್ತ ದೇವನಹಳ್ಳಿ, ಚಿಕ್ಕಬಳ್ಳಾಪುರದವರೆಗೆ ಬೆಂಗಳೂರು ನೀಲಿ ದ್ರಾಕ್ಷಿ ಬೆಳೆಯುವ ಸಣ್ಣ ರೈತರಿದ್ದಾರೆ. ಅದಕ್ಕೆ 2013ರಲ್ಲಿ ಭೌಗೋಳಿಕ ಗುರುತೂ ದೊರೆಯಿತು. ಮಲ್ಯರ ಸಮೂಹ 2006ರಲ್ಲಿ ಫ್ರಾನ್ಸಿನ ಹಳೆಯ ವೈನ್ ಸಂಸ್ಥೆಯೊಂದನ್ನು ಕೊಂಡಿತು. ತನ್ನದೇ ವೈನ್ ಕಾರ್ಖಾನೆಯನ್ನು ಕಟ್ಟಿದ್ದು ಮಹಾರಾಷ್ಟ್ರದ ಬಾರಾಮತಿಯ ಬಳಿ. ಇದರಲ್ಲಿ ಅಪರಾಧವೇನಿಲ್ಲ. ನೀಲಿ ದ್ರಾಕ್ಷಿ ಮೇಲ್ದರ್ಜೆಯ ವೈನಿಗೆ ಅಷ್ಟಾಗಿ ಒಗ್ಗುವುದಿಲ್ಲ. ಮಹಾರಾಷ್ಟ್ರದ ವೈನ್ ನೀತಿ 2001ರಲ್ಲೇ ಬಂದಿತ್ತು, ನಮ್ಮದು ಬಂದದ್ದು 2007ರಲ್ಲಿ. ಉದ್ಯಮಿ ಲಾಭ ಇದ್ದಲ್ಲಿಗೆ ಹೋಗುತ್ತಾನೆ. ಅದಕ್ಕಾಗಿಯೇ ಉದ್ಯಮಿಯ ಲೆಕ್ಕ ಬೇರೆ, ಪ್ರತಿನಿಧಿಯ ಲೆಕ್ಕ ಬೇರೆ ಎನ್ನುತ್ತೇವೆ. ದೊಡ್ಡ ಬಂಡವಾಳದವರು ಶಾಸನಸಭೆಗೆ ಹೋದರೆ ನಾಡಿಗೆ ಕಾರ್ಖಾನೆ ತಾನಾಗಿ ಬರುತ್ತದೆಂದು ನಂಬಿದವರು ಆ ದ್ರಾಕ್ಷಿ ಬೆಳೆಗಾರರನ್ನು ವಿಚಾರಿಸಬಹುದು.

ಉಳಿದದ್ದು ಎಲ್ಲರಿಗೂ ತಿಳಿದದ್ದೇ. 2012ರಲ್ಲಿ ವಿಮಾನಗಳು ನಿಂತವು, ನೌಕರರ ಸಂಬಳ ಬಾಕಿ ಉಳಿಯಿತು. ಬ್ಯಾಂಕುಗಳ ಬಾಕಿ ಸುಮಾರು 9,000 ಕೋಟಿ ರೂಪಾಯಿಗೆ ಏರಿತ್ತು. 2016ರ ಮಾರ್ಚ್ 2ರಂದು ಅವರು ದೇಶ ಬಿಟ್ಟರು, ಮೇ ತಿಂಗಳಲ್ಲಿ ರಾಜೀನಾಮೆ ಕೊಟ್ಟರು. ಅವರ ಆಸ್ತಿಯಿಂದ 14,131 ಕೋಟಿ ರೂಪಾಯಿ ಬ್ಯಾಂಕುಗಳಿಗೆ ಮರಳಿದೆಯೆಂದು 2024ರ ಡಿಸೆಂಬರ್‌ನಲ್ಲಿ ಹಣಕಾಸು ಸಚಿವರು ಲೋಕಸಭೆಗೆ ತಿಳಿಸಿದರು. ಕೊಡಬೇಕಾದುದಕ್ಕಿಂತ ಹೆಚ್ಚೇ ವಸೂಲಾಗಿದೆ ಎಂಬುದು ಮಲ್ಯರ ವಾದ. ಅದನ್ನು ನ್ಯಾಯಾಲಯ ತೀರ್ಮಾನಿಸಲಿ. ಎರಡು ಲಕ್ಷದ ಬೆಳೆಸಾಲಕ್ಕೆ ನೋಟೀಸು ಕಂಡ ಬೆಳೆಗಾರನಿಗೆ ಆ ಅಂಕಿಗಳ ಉದ್ದ ನೋಡಿ ಏನನ್ನಿಸಿತು ಎಂಬುದನ್ನು ನಾವು ಬರೆಯಬೇಕಾಗಿಲ್ಲ.

ಕಂಪನಿಯಲ್ಲಿ ಷೇರು ಹೆಚ್ಚಿದ್ದವನ ಮಾತು ನಡೆಯುತ್ತದೆ. ಸಹಕಾರ ಸಂಘದಲ್ಲಿ ಹತ್ತು ಷೇರಿನವನಿಗೂ ನೂರು ಷೇರಿನವನಿಗೂ ಒಂದೇ ಮತ. ಈ ಪದ್ಧತಿಯಲ್ಲಿ ಬೆಳೆದ ನಮಗೆ ರಾಜ್ಯಸಭೆಯ ಚುನಾವಣೆ ದೂರದ ಸಂಗತಿಯಾಗಿ ಕಂಡಿದೆ. 2003ರ ತಿದ್ದುಪಡಿಯ ನಂತರ ಶಾಸಕರು ತಮ್ಮ ಮತಪತ್ರವನ್ನು ಪಕ್ಷದ ಏಜೆಂಟರಿಗೆ ತೋರಿಸಿಯೇ ಹಾಕಬೇಕು. ಪಕ್ಷಕ್ಕೆ ಲೆಕ್ಕ ಒಪ್ಪಿಸುವವರು ಆರಿಸಿ ಕಳುಹಿಸಿದವರಿಗೂ ಒಪ್ಪಿಸಲಿ. ಕರ್ನಾಟಕದ 12 ಸ್ಥಾನಗಳಲ್ಲಿ ಎರಡು ವರ್ಷಕ್ಕೊಮ್ಮೆ ನಾಲ್ಕು ತೆರವಾಗುತ್ತವೆ. ಮುಂದಿನ ಬಾರಿ ನಾಮಪತ್ರ ಸಲ್ಲಿಕೆಗೆ ಮುಂಚೆ ಪ್ರತಿಯೊಂದು ಪ್ರಾಥಮಿಕ ಸಂಘವೂ ತನ್ನ ಕ್ಷೇತ್ರದ ಶಾಸಕರಿಗೆ ಪತ್ರ ಬರೆದು, ಯಾರಿಗೆ ಮತ, ಯಾವ ಕಾರಣಕ್ಕೆ ಎಂದು ಕೇಳಲಿ. ಬಂದ ಉತ್ತರವನ್ನು ಮಹಾಸಭೆಯಲ್ಲಿ ಓದಿ ಹೇಳಲಿ. ಉತ್ತರ ಬಾರದಿದ್ದರೆ ಅದನ್ನೂ ನಡವಳಿ ಪುಸ್ತಕದಲ್ಲಿ ದಾಖಲಿಸಲಿ.