ನಾಲ್ಕು ರಾತ್ರಿ ಡಾಕರ್‌ನಲ್ಲಿ

ಶಾರ್ಜಾದಲ್ಲಿ ನೆಲೆಸಿರುವ ಸಹೋದರಿಯೊಬ್ಬರು ಪತ್ರ ಬರೆದಿದ್ದಾರೆ. ಅವರ ಪತಿಗೆ ಕಂಪೆನಿಯ ಕೆಲಸದ ಮೇಲೆ ಸೆನೆಗಲ್ ದೇಶದ ರಾಜಧಾನಿ ಡಾಕರ್‌ಗೆ ಹೋಗಲಿಕ್ಕಿದೆ. ಡಿಸೆಂಬರ್‌ನಲ್ಲಿ ಮಕ್ಕಳಿಗೂ ರಜೆ. ಹನ್ನೊಂದು ವರ್ಷದ ಮಗಳು, ಏಳು ತಿಂಗಳ ಮಗು ಮತ್ತು ಅರವತ್ತನಾಲ್ಕು ವರ್ಷದ ಅತ್ತೆಯನ್ನು ಕರೆದುಕೊಂಡು ತಾವೂ ನಾಲ್ಕು ದಿನ ಹೋಗಿ ಬರಬಹುದೇ ಎಂದು ಕೇಳಿದ್ದಾರೆ. ಜೊತೆಗೆ ಒಂದು ಬೇಸರವನ್ನೂ ತೋಡಿಕೊಂಡಿದ್ದಾರೆ. ನಾದಿನಿ ಫೋನಿನಲ್ಲಿ, "ಟರ್ಕಿಗೆ ಹೋಗುವುದು ಬಿಟ್ಟು ಆ ಕಾಪ್ರಿಗಳ ದೇಶಕ್ಕೆ ಯಾಕೆ ಹೋಗುತ್ತೀ?" ಎಂದರಂತೆ.

ನಾದಿನಿಯ ಮಾತನ್ನು ಮೊದಲು ಎತ್ತಿಕೊಳ್ಳುತ್ತೇನೆ. ನಮ್ಮ ಮಕ್ಕಳಿಗೆ ನಾವು ಹಝ್ರತ್ ಬಿಲಾಲ್(ರ)ರ ಕಥೆಯನ್ನು ಕಣ್ಣು ತುಂಬಿ ಹೇಳುತ್ತೇವೆ. ಅದೇ ಬಾಯಲ್ಲಿ ಕಪ್ಪು ಬಣ್ಣದವರನ್ನು ಇಂತಹ ಶಬ್ದದಿಂದ ಕರೆಯುತ್ತೇವೆ. ಹುಡುಗಿ ನೋಡಲು ಹೋದಾಗಲೂ ಬಣ್ಣವೇ ಮೊದಲು. ಉತ್ತರ ಕನ್ನಡದ ಯಲ್ಲಾಪುರ, ಹಳಿಯಾಳದ ಕಡೆ ಆಫ್ರಿಕ ಮೂಲದ ಸಿದ್ದಿಗಳಿದ್ದಾರೆ. ಅವರಲ್ಲಿ ಮುಸ್ಲಿಮರೂ ಇದ್ದಾರೆ. ಅವರ ಮನೆಯಿಂದ ಹೆಣ್ಣು ತರುವ, ಅವರ ಮನೆಗೆ ಹೆಣ್ಣು ಕೊಡುವ ಮಾತು ನಮ್ಮಲ್ಲಿ ಎಷ್ಟು ಮಂದಿ ಆಡುತ್ತೇವೆ? ಸೆನೆಗಲ್‌ನ ಜನರಲ್ಲಿ ನೂರಕ್ಕೆ ತೊಂಬತ್ತೈದರಷ್ಟು ಮುಸ್ಲಿಮರು. ಹಾಗಿದ್ದೂ 1960ರಲ್ಲಿ ದೇಶ ಸ್ವತಂತ್ರವಾದಾಗ ಅವರ ಮೊದಲ ಅಧ್ಯಕ್ಷರಾದವರು ಕವಿ ಲಿಯೊಪೋಲ್ಡ್ ಸೆಡಾರ್ ಸೆಂಗೋರ್ ಎಂಬ ಕ್ಯಾಥೊಲಿಕ್ ಕ್ರೈಸ್ತರು. ಅವರು ಇಪ್ಪತ್ತು ವರ್ಷ ಆಳಿ, ತಾವಾಗಿಯೇ ಕುರ್ಚಿ ಬಿಟ್ಟು ಇಳಿದರು. ಇಂಥ ಊರನ್ನು ಹನ್ನೊಂದು ವರ್ಷದ ಹುಡುಗಿ ನೋಡಿ ಬರಲಿ ಎಂದೇ ನಾನು ಹೇಳುತ್ತೇನೆ. ಆದರೆ ಎಲ್ಲರೂ ಹೋಗಬಹುದೇ ಎಂಬುದು ಬೇರೆ ಮಾತು.

ಟಿಕೆಟ್‌ಗೆ ಮುಂಚೆ ಸೂಜಿ. ಸೆನೆಗಲ್ ಹಳದಿ ಜ್ವರ ಇರುವ ದೇಶಗಳ ಪಟ್ಟಿಯಲ್ಲಿದೆ. ಇದು ಸೊಳ್ಳೆಯಿಂದ ಹರಡುವ, ಪ್ರಾಣಕ್ಕೇ ಅಪಾಯ ತರಬಲ್ಲ ಜ್ವರ. ಒಂದೇ ಚುಚ್ಚುಮದ್ದು ಸಾಕು. ಆದರೆ ಪ್ರಯಾಣಕ್ಕೆ ಕನಿಷ್ಠ ಹತ್ತು ದಿನ ಮೊದಲು ತೆಗೆದುಕೊಂಡಿರಬೇಕು. 2016ರಿಂದ ಅದರ ಪ್ರಮಾಣಪತ್ರ ಜೀವನಪೂರ್ತಿ ನಡೆಯುತ್ತದೆ. ಎಲ್ಲ ದವಾಖಾನೆಗಳಲ್ಲಿ ಇದು ಸಿಗುವುದಿಲ್ಲ, ಸರಕಾರದ ಮಾನ್ಯತೆ ಪಡೆದ ಕೇಂದ್ರಗಳಲ್ಲಿ ಮಾತ್ರ. ಡಾಕರ್‌ನಿಂದ ಹೊರಟು ಆರು ದಿನಗಳ ಒಳಗೆ ಭಾರತಕ್ಕೆ ಬಂದರೆ ನಮ್ಮ ವಿಮಾನ ನಿಲ್ದಾಣದಲ್ಲಿ ಆ ಹಳದಿ ಕಾರ್ಡು ಕೇಳುತ್ತಾರೆ. ಇಲ್ಲದವರನ್ನು ಆರು ದಿನ ತುಂಬುವವರೆಗೆ ಪ್ರತ್ಯೇಕವಾಗಿ ಇರಿಸಬಹುದು. ರಜೆಯಲ್ಲಿ ಡಾಕರ್ ಮುಗಿಸಿ ನೇರವಾಗಿ ಊರಿನ ಮದುವೆಗೆ ಇಳಿಯುವ ಯೋಜನೆ ಇರುವವರು ಇದನ್ನು ಮರೆಯಬಾರದು.

ಇಲ್ಲಿಯೇ ಈ ಸಹೋದರಿಯ ಕಷ್ಟ ಇರುವುದು. ಒಂಬತ್ತು ತಿಂಗಳು ತುಂಬದ ಮಗುವಿಗೆ ಈ ಚುಚ್ಚುಮದ್ದು ಸಾಮಾನ್ಯವಾಗಿ ಕೊಡುವುದಿಲ್ಲ. ಅರವತ್ತು ದಾಟಿದವರಿಗೆ ಮೊದಲ ಬಾರಿ ಕೊಡುವಾಗ, ಅಪರೂಪಕ್ಕಾದರೂ ಗಂಭೀರ ತೊಂದರೆ ಆಗುವ ಸಾಧ್ಯತೆ ಹೆಚ್ಚು ಎಂದು ವೈದ್ಯರು ಹಿಂದೆಮುಂದೆ ನೋಡುತ್ತಾರೆ. ಗರ್ಭಿಣಿಯರು, ಮೊಟ್ಟೆ ತಿಂದರೆ ಅಲರ್ಜಿ ಆಗುವವರು ಕೂಡ ವೈದ್ಯರಲ್ಲಿ ಬಿಡಿಸಿ ಹೇಳಲೇಬೇಕು. ಅಂದರೆ ನಿಮ್ಮ ಮನೆಯ ಐವರಲ್ಲಿ ಇಬ್ಬರ ವಿಷಯದಲ್ಲಿ ತೊಡಕಿದೆ. ಮಲೇರಿಯ ಬೇರೆ. ಅದಕ್ಕೆ ಹೋಗುವ ಮೊದಲೇ ಶುರು ಮಾಡಿ, ಬಂದ ಮೇಲೂ ಕೆಲವು ದಿನ ನುಂಗಬೇಕಾದ ಮಾತ್ರೆಗಳಿವೆ. ಅವನ್ನೂ ವೈದ್ಯರೇ ಬರೆದು ಕೊಡಬೇಕು.

ನನ್ನ ಅಭಿಪ್ರಾಯ ಕೇಳಿದರೆ, ಮಗುವಿಗೆ ಒಂಬತ್ತು ತಿಂಗಳು ತುಂಬದೆ ಹೊರಡುವುದು ಬೇಡ. ಈ ಡಿಸೆಂಬರ್‌ಗೆ ತುಂಬದಿದ್ದರೆ ಪತಿ ಒಬ್ಬರೇ ಹೋಗಿ ಬರಲಿ, ನೀವು ಮುಂದಿನ ವರ್ಷ ನೋಡಿ. ಅತ್ತೆಯ ವಿಷಯವನ್ನು ನೀವು ತೀರ್ಮಾನಿಸಬೇಡಿ, ಗಂಡನೂ ತೀರ್ಮಾನಿಸುವುದು ಬೇಡ. ಅವರನ್ನೇ ವೈದ್ಯರ ಮುಂದೆ ಕೂರಿಸಿ, ವೈದ್ಯರು ಹೇಳುವುದನ್ನು ಅವರೇ ಕೇಳಲಿ. "ಸೊಸೆ ಬಿಟ್ಟು ಹೋದಳು" ಎಂಬ ಮಾತು ವರ್ಷಗಟ್ಟಲೆ ಮನೆಯಲ್ಲಿ ತಿರುಗುವುದಕ್ಕಿಂತ ಒಂದು ದಿನದ ದವಾಖಾನೆ ಓಡಾಟ ಒಳ್ಳೆಯದು.

ಕಾಲ ಡಿಸೆಂಬರ್ ಆದರೆ ಅದಕ್ಕಿಂತ ಒಳ್ಳೆಯದಿಲ್ಲ. ನವೆಂಬರ್‌ನಿಂದ ಅಲ್ಲಿ ಒಣ ಹವೆ, ಕಡಲ ಗಾಳಿ, ಸಂಜೆಗೆ ತೆಳ್ಳನೆಯ ಶಾಲು ಬೇಕಾಗುವಷ್ಟು ತಂಪು. ಗಲ್ಫಿನ ಬೇಸಿಗೆ ರಜೆಯಾದ ಜುಲೈ, ಆಗಸ್ಟ್ ಅಲ್ಲಿ ಮಳೆಗಾಲ. ಸೊಳ್ಳೆಯೂ ಜಾಸ್ತಿ. ಭಾರತದಿಂದ ಡಾಕರ್‌ಗೆ ನೇರ ವಿಮಾನವಿಲ್ಲ. ದುಬೈಯಿಂದ ಇದೆ, ಸುಮಾರು ಹತ್ತು ತಾಸಿನ ಹಾದಿ. ವೀಸಾದ ನಿಯಮ ಆಗಾಗ ಬದಲಾಗುವುದರಿಂದ ಯಾರೋ ಹೇಳಿದ್ದನ್ನು ನಂಬದೆ ಸೆನೆಗಲ್‌ನ ರಾಯಭಾರ ಕಚೇರಿಯಲ್ಲೇ ವಿಚಾರಿಸಬೇಕು. ರಾಜಕೀಯದ ಸುದ್ದಿಯ ಮೇಲೂ ಕಣ್ಣಿರಲಿ. 2024ರ ಫೆಬ್ರವರಿಯಲ್ಲಿ ಚುನಾವಣೆ ಮುಂದೂಡಿದಾಗ ಡಾಕರ್‌ನ ಬೀದಿಗಳಲ್ಲಿ ಗಲಾಟೆ ನಡೆದಿತ್ತು. ಮಾರ್ಚ್‌ನಲ್ಲಿ ಚುನಾವಣೆ ಆಗಿ ಶಾಂತವಾಯಿತು. ಹಣ ಸಿಎಫ್‌ಎ ಫ್ರಾಂಕ್. ಅದನ್ನು ಯೂರೋಗೆ ಕಟ್ಟಿಹಾಕಿದ್ದಾರೆ, ಒಂದು ಯೂರೋಗೆ 655.957 ಫ್ರಾಂಕ್. ಹಾಗಾಗಿ ಯೂರೋ ಒಯ್ದರೆ ಲೆಕ್ಕ ಸುಲಭ. ಗಲ್ಫಿನ ಚೌಕ ಕಡ್ಡಿಯ ಪ್ಲಗ್ ಅಲ್ಲಿ ಹಿಡಿಸುವುದಿಲ್ಲ, ದುಂಡು ಕಡ್ಡಿಯದು ಬೇಕು.

ಈಗ ನಮಾಝ್‌ನ ವಿಷಯ. ಪತ್ರದಲ್ಲಿ ಇದನ್ನೂ ಕೇಳಿದ್ದಾರೆ. ಶಾಫಿಈ ಮದ್‌ಹಬ್‌ನಲ್ಲಿ ತಲುಪುವ ಮತ್ತು ಹೊರಡುವ ದಿನಗಳನ್ನು ಬಿಟ್ಟು ಪೂರ್ತಿ ನಾಲ್ಕು ದಿನ ಒಂದೂರಲ್ಲಿ ತಂಗುವ ನಿಯ್ಯತ್ ಇದ್ದರೆ ಕಸ್ರ್ ಇಲ್ಲ. ಹನಫಿಗಳಿಗೆ ಹದಿನೈದು ದಿನ. ಆದ್ದರಿಂದ ಬುಧವಾರ ತಲುಪಿ ರವಿವಾರ ಹೊರಡುವಂತೆ ಟಿಕೆಟ್ ಮಾಡಿದರೆ ನಡುವೆ ಮೂರೇ ಪೂರ್ತಿ ದಿನ. ಶಾಫಿಈ ಮನೆಯವರಿಗೂ ಕಸ್ರ್‌ನ ರಿಯಾಯಿತಿ ಉಳಿಯುತ್ತದೆ, ಜುಮಾ ದಿನದ ಡಾಕರನ್ನು ನೋಡಿದಂತೆಯೂ ಆಗುತ್ತದೆ.

ಡಾಕರ್ ಇರುವುದು ಹೆಚ್ಚುಕಡಿಮೆ ನಮ್ಮ ಕಾರವಾರದ ಅಕ್ಷಾಂಶದಲ್ಲಿಯೇ. ಆದರೆ ನಾವು ಪಶ್ಚಿಮಕ್ಕೆ ತಿರುಗಿ ನಿಂತರೆ ಅವರು ಪೂರ್ವಕ್ಕೆ ತಿರುಗಿ ನಿಲ್ಲುತ್ತಾರೆ. ಹೋಟೆಲಿನ ಕೋಣೆಯಲ್ಲಿ ಅಭ್ಯಾಸಬಲದಿಂದ ಸೂರ್ಯ ಮುಳುಗುವ ಕಡೆಗೆ ಮುಸಲ್ಲಾ ಹಾಸೀರಿ! ಭೂಪಟ ತೆಗೆದು ಮಗಳಿಗೆ ಇದನ್ನು ತೋರಿಸಿ, ನಡುವೆ ಮಕ್ಕಾ ಎಲ್ಲಿದೆ ಎಂದು ಅವಳೇ ಬೆರಳಿಡಲಿ. ಅಲ್ಲಿಯವರು ಮಾಲಿಕಿಗಳು. ನಿಂತಾಗ ಕೈ ಕಟ್ಟದೆ ಪಕ್ಕಕ್ಕೆ ಬಿಡುವವರು ಹೆಚ್ಚು. ಇಮಾಮರ ಓದು ವರ್ಶ್ ಕಿರಾಅತ್. ಫಾತಿಹಾದ 'ಮಾಲಿಕಿ' ಎಂಬ ಕಡೆ 'ಮಲಿಕಿ' ಎಂದು ಕೇಳಿಸುತ್ತದೆ. ಮಕ್ಕಳು "ತಪ್ಪು ಓದಿದರು" ಎಂದು ಪಿಸುಗುಟ್ಟುವ ಮೊದಲೇ ಹೇಳಿಡುವುದು ಒಳ್ಳೆಯದು.

ಮಸೀದಿಗಳಲ್ಲಿ ಎರಡನ್ನು ನೋಡಿದರೆ ಸಾಕು. ಒಂದು, ವಾಕಾಮ್‌ನಲ್ಲಿ ಕಡಲಿಗೆ ಅಂಟಿಕೊಂಡಂತೆ ಎರಡು ಮಿನಾರಗಳೊಂದಿಗೆ ನಿಂತಿರುವ ಮಸೀದಿ. ಇನ್ನೊಂದು, 2019ರಲ್ಲಿ ಉದ್ಘಾಟನೆಯಾದ ಮಸ್ಸಾಲಿಕುಲ್ ಜಿನಾನ್. ಒಳಗೂ ಅಂಗಳದಲ್ಲೂ ಸೇರಿ ಮೂವತ್ತು ಸಾವಿರ ಮಂದಿ ನಿಲ್ಲುವಷ್ಟು ದೊಡ್ಡದು. ಇದನ್ನು ಕಟ್ಟಿದವರು ಶೈಖ್ ಅಹ್ಮದು ಬಂಬಾರ ಮುರೀದ್ ಪಂಥದವರು. ಫ್ರೆಂಚರು ಅವರಿಗೆ ಹೆದರಿ 1895ರಲ್ಲಿ ಗಬೋನ್‌ಗೆ ಗಡೀಪಾರು ಮಾಡಿದ್ದರು. ಕೈಯಲ್ಲಿ ಆಯುಧವಿಲ್ಲದ ಆ ವಿದ್ವಾಂಸರಿಗೆ ಯಾಕಷ್ಟು ಹೆದರಿದರು ಎಂಬುದು ಇನ್ನೊಂದು ಲೇಖನಕ್ಕಾಗುವಷ್ಟಿದೆ. ಸೂಫಿ ಪಂಥಗಳ ಬಗ್ಗೆ ನಮ್ಮಲ್ಲಿ ಬೇರೆ ಬೇರೆ ಅಭಿಪ್ರಾಯಗಳಿವೆ. ಆ ಚರ್ಚೆಯನ್ನು ಶಾರ್ಜಾದಲ್ಲೇ ಬಿಟ್ಟು ಹೋಗಿ.

ಶುಕ್ರವಾರದ ಡಾಕರ್ ಎಂದರೆ ಇಸ್ತ್ರಿ ಹಾಕಿ ಮಿರುಗುವ ಬೂಬೂ ಎಂಬ ನಿಲುವಂಗಿಗಳ ಮೆರವಣಿಗೆ. ಹೆಂಗಸರು ತಲೆಗೆ ಬಣ್ಣದ ಬಟ್ಟೆ ಸುತ್ತುತ್ತಾರೆ. ನಿಮ್ಮ ಸ್ಕಾರ್ಫನ್ನು ಯಾರೂ ವಿಚಿತ್ರವಾಗಿ ನೋಡುವುದಿಲ್ಲ. ಕಚೇರಿಯ ಭಾಷೆ ಫ್ರೆಂಚ್, ಮನೆಯ ಮತ್ತು ಮಾರುಕಟ್ಟೆಯ ಭಾಷೆ ವೊಲೊಫ್. ಇಂಗ್ಲಿಷ್ ಕಡಿಮೆ. ಆದರೆ "ಸಲಾಮಾಲೇಕುಂ" ಎಂದರೆ ಅರ್ಧ ಕೆಲಸ ಆದಂತೆ. "ನಂಗ ದೆಫ್" ಎಂದರೆ ಹೇಗಿದ್ದೀರಿ, "ಜೆರೆಜೆಫ್" ಎಂದರೆ ಉಪಕಾರವಾಯಿತು. ಸಲಾಂ ಹೇಳದೆ ಟ್ಯಾಕ್ಸಿಯವನಲ್ಲಿ ನೇರ ದರ ಕೇಳುವುದು ಅಲ್ಲಿ ಮರ್ಯಾದೆಯಲ್ಲ. ದರವನ್ನು ಮಾತ್ರ ಹತ್ತುವ ಮೊದಲೇ ಗಟ್ಟಿ ಮಾಡಿಕೊಳ್ಳಿ. ಜನಜಂಗುಳಿಯಲ್ಲಿ ಬ್ಯಾಗನ್ನು ಎದುರಿಗೆ ಹಿಡಿದುಕೊಳ್ಳಿ.

ಊಟಕ್ಕೆ ನೀವು ಅಂಜಬೇಕಾಗಿಲ್ಲ. ಮಾಂಸ ಸಾಮಾನ್ಯವಾಗಿ ಹಲಾಲ್. ಮದ್ಯ ಮಾರುವ ಹೋಟೆಲುಗಳಿವೆ, ಹಂದಿಮಾಂಸ ಇರುವ ಹೋಟೆಲುಗಳೂ ಕೆಲವಿವೆ, ಕೇಳಿ ಕುಳಿತುಕೊಳ್ಳಿ. ಅವರ ಮುಖ್ಯ ಅಡುಗೆ ಚೆಬುಜೆನ್, ಮೀನು ಮತ್ತು ತರಕಾರಿಯ ರಸದಲ್ಲಿ ಬೇಯಿಸಿದ ನುಚ್ಚಕ್ಕಿಯ ಅನ್ನ. 2021ರಲ್ಲಿ ಯುನೆಸ್ಕೋ ಇದನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ಆ ನುಚ್ಚಿನಲ್ಲಿ ನಮ್ಮ ದೇಶದ ಪಾಲೂ ಇದೆ. 2022ರ ಸೆಪ್ಟೆಂಬರ್‌ನಲ್ಲಿ ಭಾರತ ನುಚ್ಚಕ್ಕಿಯ ರಫ್ತು ನಿಲ್ಲಿಸಿ, ಮರುವರ್ಷ ಸೆನೆಗಲ್‌ಗೆ ವಿಶೇಷ ಅನುಮತಿ ಕೊಡಬೇಕಾಯಿತು. 2025ರಲ್ಲಿ ಆ ನಿಷೇಧವೇ ಹೋಯಿತು. ದೊಡ್ಡ ಬೋಗುಣಿಯ ಸುತ್ತ ಎಲ್ಲರೂ ಕೂತು, ತಮ್ಮ ಎದುರಿನ ಭಾಗದಿಂದ ಮಾತ್ರ ಬಲಗೈಯಲ್ಲಿ ಉಣ್ಣುತ್ತಾರೆ. ಮನೆಯ ಹೆಂಗಸು ಮೀನು ಬಿಡಿಸಿ ಅತಿಥಿಯ ಕಡೆಗೆ ದೂಡುತ್ತಾ ಇರುತ್ತಾಳೆ. ಒಂದೇ ತಟ್ಟೆಯಲ್ಲಿ ಉಣ್ಣುವ ರೂಢಿಯ ಮನೆಗಳವರಿಗೆ ಇದು ಹೊಸತಾಗದು. ಕುಡಿಯಲು ಬಿಸಾಪ್ ಎಂಬ ಕೆಂಪು ಶರಬತ್ತು ಕೊಡುತ್ತಾರೆ. ಅದು ಉತ್ತರ ಕರ್ನಾಟಕದ ಪುಂಡಿ ಜಾತಿಯ ಗಿಡದ ಹೂವಿನದ್ದು. ಬುಯ್ ಎಂಬ ಬಿಳಿ ಶರಬತ್ತು ಬವೊಬಾಬ್ ಮರದ ಕಾಯಿಯದ್ದು. ಸವಣೂರಿನ ದೊಡ್ಡಹುಣಸೆ ಮರ ನೋಡಿದವರಿಗೆ ಆ ಮರದ ಗುರುತು ಕೂಡಲೇ ಸಿಗುತ್ತದೆ.

ಗೋರೆ ದ್ವೀಪಕ್ಕೆ ಅರ್ಧ ದಿನ ಇಡಿ. ಬಂದರಿನಿಂದ ದೋಣಿಯಲ್ಲಿ ಇಪ್ಪತ್ತು ನಿಮಿಷ, ಪಾಸ್‌ಪೋರ್ಟ್ ಜೊತೆಗಿರಲಿ. ವಾಹನಗಳಿಲ್ಲದ, ಹಳದಿ ಮತ್ತು ಕೆಂಪು ಗೋಡೆಗಳ, ಬೋಗನ್‌ವಿಲ್ಲಾ ಹಬ್ಬಿದ ಚಂದದ ದ್ವೀಪ. ಅಲ್ಲಿ 1776ರ ಸುಮಾರಿಗೆ ಕಟ್ಟಿದ 'ಗುಲಾಮರ ಮನೆ' ಇದೆ. ಕೆಳಗಿನ ಕತ್ತಲೆ ಕೋಣೆಗಳ ಕೊನೆಯಲ್ಲಿ ಕಡಲಿಗೆ ತೆರೆಯುವ ಒಂದು ಬಾಗಿಲು. ಹೊರಟವರು ಮರಳದ ಬಾಗಿಲು ಎಂದು ಅದನ್ನು ಕರೆಯುತ್ತಾರೆ. ಮಂಡೇಲಾ ಇಲ್ಲಿಗೆ ಬಂದಿದ್ದಾರೆ, ಪೋಪ್ ಜಾನ್ ಪಾಲ್ ಬಂದಿದ್ದಾರೆ, 2013ರಲ್ಲಿ ಒಬಾಮ ಬಂದಿದ್ದಾರೆ. ಇದೇ ಮನೆಯಿಂದ ಲಕ್ಷಾಂತರ ಮಂದಿ ಸಾಗಿಸಲ್ಪಟ್ಟರು ಎಂದು ಮಾರ್ಗದರ್ಶಿ ಹೇಳಿದರೆ ಅದನ್ನು ಇತಿಹಾಸಕಾರರು ಒಪ್ಪುವುದಿಲ್ಲ ಎಂಬುದು ಗೊತ್ತಿರಲಿ. ಇಲ್ಲಿಂದ ಹೋದವರ ಸಂಖ್ಯೆ ತೀರಾ ಕಡಿಮೆ ಎನ್ನುತ್ತಾರೆ ಅವರು. ಆದರೆ ಆಫ್ರಿಕದ ಇಡೀ ಪಶ್ಚಿಮ ಕರಾವಳಿಯಿಂದ ಅಟ್ಲಾಂಟಿಕ್ ದಾಟಿಸಲು ಹಡಗು ಹತ್ತಿಸಿದವರು ಸುಮಾರು ಒಂದೂಕಾಲು ಕೋಟಿ ಎಂಬುದರಲ್ಲಿ ಜಗಳವಿಲ್ಲ.

ಅವರಲ್ಲಿ ನಮ್ಮಂತೆ ಓದು ಕಲಿತವರಿದ್ದರು. ಇಂದಿನ ಸೆನೆಗಲ್‌ನ ಫೂತಾ ತೋರೋ ಸೀಮೆಯ ಉಮರ್ ಇಬ್ನ್ ಸಈದ್ ವರ್ಷಗಟ್ಟಲೆ ಮದ್ರಸದಲ್ಲಿ ಓದಿದವರು. 1807ರಲ್ಲಿ ಸೆರೆಸಿಕ್ಕು ಅಮೇರಿಕದಲ್ಲಿ ಮಾರಾಟವಾದರು. 1831ರಲ್ಲಿ ತಮ್ಮ ಜೀವನಕಥೆಯನ್ನು ಅರಬಿಯಲ್ಲಿ ಬರೆದರು. ಆ ಹಾಳೆಗಳು ಇಂದು ವಾಷಿಂಗ್ಟನ್‌ನ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿವೆ. ಜನರನ್ನು ಹಿಡಿದು ತಂದು ಬಿಳಿಯರಿಗೆ ಮಾರಿದವರಲ್ಲಿ ಆಫ್ರಿಕದ ರಾಜರಿದ್ದರು, ಮುಸ್ಲಿಮ್ ವ್ಯಾಪಾರಿಗಳೂ ಇದ್ದರು. ಗೋರೆಯ ಚಂದದ ಮನೆಗಳ ಒಡತಿಯರಾಗಿದ್ದ ಸಿಞಾರ್ ಎಂಬ ಸ್ಥಳೀಯ ಹೆಂಗಸರೂ ಗುಲಾಮರನ್ನು ಇಟ್ಟುಕೊಂಡಿದ್ದರು. ಹನ್ನೊಂದು ವರ್ಷದ ಹುಡುಗಿ "ಮುಸ್ಲಿಮರೂ ಮಾರಿದರಾ?" ಎಂದು ಕೇಳಿಯೇ ಕೇಳುತ್ತಾಳೆ. ಹೌದು ಎಂದೇ ಹೇಳಿ. ದ್ವೀಪದಲ್ಲಿ ಅತ್ತೆಗೆ, ಮಗುವಿಗೆ ನೆರಳಲ್ಲಿ ಕೂರಲು ಜಾಗವಿದೆ. ಗುಲಾಮರ ಮನೆಗೆ ಸೋಮವಾರ ರಜೆ.

ಉಳಿದ ಜಾಗಗಳಲ್ಲಿ ಎಲ್ಲಕ್ಕೂ ಓಡಬೇಡಿ. ಗುಲಾಬಿ ಸರೋವರದ ಬಣ್ಣ 2022ರ ನೆರೆಯಲ್ಲಿ ಹೋಗಿತ್ತು. ಚಿತ್ರದಲ್ಲಿ ನೋಡಿದಂತೆಯೇ ಸಿಗುತ್ತದೆಂದು ಮಕ್ಕಳಿಗೆ ಮಾತು ಕೊಡಬೇಡಿ. 2010ರಲ್ಲಿ ನಿಲ್ಲಿಸಿದ 49 ಮೀಟರ್ ಎತ್ತರದ ಕಂಚಿನ ಪ್ರತಿಮೆಯನ್ನು ದಾರಿಯಿಂದಲೇ ನೋಡಬಹುದು. ಅದರ ಉಡುಪಿನ ಬಗ್ಗೆ ಅಲ್ಲಿಯ ಇಮಾಮರೇ ಆಕ್ಷೇಪ ಎತ್ತಿದ್ದರು. ಬಂದಿಯಾ ವನ್ಯಧಾಮದಲ್ಲಿ ಜಿರಾಫೆಗಳಿವೆ, ಮಕ್ಕಳಿಗೆ ಅದೇ ಇಷ್ಟವಾದೀತು.

ಒಂದು ದೃಶ್ಯಕ್ಕೆ ಮಾತ್ರ ಮನಸ್ಸನ್ನು ಸಿದ್ಧ ಮಾಡಿಕೊಳ್ಳಿ. ಸಿಗ್ನಲ್‌ಗಳಲ್ಲಿ, ಮಸೀದಿ ಬಾಗಿಲಲ್ಲಿ ತಗಡಿನ ಡಬ್ಬಿ ಹಿಡಿದ ಬರಿಗಾಲ ಹುಡುಗರು ಬರುತ್ತಾರೆ. ಇವರು ತಾಲಿಬೆಗಳು. ಕುರ್‌ಆನ್ ಕಲಿಯಲು ಹಳ್ಳಿಗಳಿಂದ ದಾರಾಗಳಿಗೆ ಕಳುಹಿಸಲ್ಪಟ್ಟವರು. ಒಳ್ಳೆಯ ದಾರಾಗಳು ಬೇಕಾದಷ್ಟಿವೆ. ಆದರೆ ಕೆಲವು ಗುರುಗಳು ದಿನಕ್ಕಿಷ್ಟು ಹಣ ತರಲೇಬೇಕೆಂದು ಬೀದಿಗೆ ಅಟ್ಟುತ್ತಾರೆ, ತಾರದಿದ್ದರೆ ಹೊಡೆಯುತ್ತಾರೆ. ಮದ್ರಸದ ನೆರಳಲ್ಲೇ ಬೆಳೆದ ನನಗೆ ಇದನ್ನು ಬರೆಯಲು ನಾಚಿಕೆಯಾಗುತ್ತದೆ. ಡಬ್ಬಿಗೆ ಹಾಕಿದ ನಾಣ್ಯ ಹುಡುಗನ ಹೊಟ್ಟೆಗೆ ಹೋಗುವ ಭರವಸೆಯಿಲ್ಲ. ರೊಟ್ಟಿ, ಬಾಳೆಹಣ್ಣು ಕೊಳ್ಳಿ, ಅವನು ನಿಮ್ಮ ಎದುರೇ ತಿನ್ನಲಿ.

ಕೊನೆಯ ದಿನದ ಬೆಳಿಗ್ಗೆಗೆ ಎಚ್‌ಎಲ್‌ಎಂ ಮಾರುಕಟ್ಟೆಯನ್ನು ಇಟ್ಟುಕೊಳ್ಳಬೇಡಿ. ಬಟ್ಟೆ ಕೊಂಡರೆ ಪಕ್ಕದಲ್ಲೇ ದರ್ಜಿಗಳು ಒಂದೆರಡು ದಿನಗಳಲ್ಲಿ ಹೊಲಿದು ಕೊಡುತ್ತಾರೆ. ಹಾಗಾಗಿ ಗುರುವಾರವೇ ಹೋಗಿ ಅಳತೆ ಕೊಟ್ಟುಬಿಡಿ. ಹೇಳಿದ ದರದ ಅರ್ಧದಿಂದ ನಗುತ್ತಾ ಚೌಕಾಸಿ ಶುರು ಮಾಡಿದರೆ ಅವರಿಗೆ ಬೇಸರವಿಲ್ಲ. ನಾದಿನಿಗೂ ಒಂದು ಬೂಬೂ ಹೊಲಿಸಿ ತನ್ನಿ.