ಡಂಗುರಕ್ಕೆ ಅಪ್ಪಣೆ, ಕಟ್ಟೆಗೆ ನಿಷೇಧ

ಬಂಗಾರಪೇಟೆಯ ರೈಲುನಿಲ್ದಾಣದಲ್ಲಿ ಮಾರಿಕುಪ್ಪಂ ಕಡೆಯ ಗಾಡಿಗಾಗಿ ಸಾಯಂಕಾಲ ಕಾದು ಕುಳಿತವನ ಕಿವಿಗೆ ಎರಡು ಬಗೆಯ ವಾಣಿಗಳು ಬೀಳುತ್ತವೆ. ಒಂದು, ಮೇಲಿನ ಧ್ವನಿವರ್ಧಕದಿಂದ ಇಳಿದುಬರುವುದು. ಗಾಡಿಯು ಇಂತಿಷ್ಟು ನಿಮಿಷ ತಡವಾಗಿ ಬರುವುದೆಂದು ಮೂರು ಭಾಷೆಗಳಲ್ಲಿ ಸಾರಿ, ಪ್ರಯಾಣಿಕರಿಗಾದ ತೊಂದರೆಗೆ ವಿಷಾದವನ್ನೂ ಅದೇ ಸ್ವರದಲ್ಲಿ ಹೇಳಿ, ಸುಮ್ಮನಾಗುತ್ತದೆ. ಇನ್ನೊಂದು, ಬೆಂಚಿನ ಮೇಲೆ ಕುಳಿತವರದು. ನಿನ್ನೆಯೂ ಹೀಗೆಯೇ ಆಯಿತಲ್ಲ ಎಂದು ತಮಿಳಿನಲ್ಲಿ ಆರಂಭವಾದ ಆ ಮಾತು, ತಡಕ್ಕೆ ಕಾರಣವೇನೆಂಬ ಊಹೆಯಲ್ಲಿ ತೆಲುಗನ್ನು ಹಿಡಿದು, ಬೇತಮಂಗಲದ ನೀರು ಈ ವಾರ ಎಷ್ಟು ದಿನ ಬಂದಿತೆಂಬ ಲೆಕ್ಕದಲ್ಲಿ ಕನ್ನಡಕ್ಕೆ ಹೊರಳಿ, ನಡುವೆ ದಖನಿಯಲ್ಲಿ ಯಾರೋ ಹಾರಿಸಿದ ಒಂದು ಚಟಾಕಿಯಿಂದ ಎಲ್ಲರನ್ನೂ ನಗಿಸಿ, ಗಾಡಿ ಬಂದ ಮೇಲೂ ಮುಗಿಯದೆ, ಜನರೊಡನೆ ತಾನೂ ಡಬ್ಬಿಯನ್ನೇರಿ ಹೊರಟುಹೋಗುತ್ತದೆ.

ಹಿಂದಿನ ಕಾಲದ ನಮ್ಮ ಹಳ್ಳಿಗಳಲ್ಲಿಯೂ ಈ ಎರಡು ವಾಣಿಗಳಿದ್ದುವು. ತಳವಾರನು ತಮಟೆ ಬಡಿದು ಡಂಗುರ ಸಾರುತ್ತಿದ್ದನು: ನಾಳೆ ಅಮಲ್ದಾರರು ಬರುತ್ತಾರೆ, ಕಂದಾಯ ಕಟ್ಟತಕ್ಕದ್ದು, ಕೆರೆಯ ತೂಬು ಎತ್ತಲಾಗುವುದು. ಅವನನ್ನು ಮರುಪ್ರಶ್ನೆ ಕೇಳುವವರಿರಲಿಲ್ಲ. ಕೇಳಿದ್ದರೂ ಅವನ ಬಳಿ ಉತ್ತರವಿರುತ್ತಿರಲಿಲ್ಲ. ಕಂದಾಯ ಏಕೆ ಏರಿತು, ತೂಬೆತ್ತಿದರೆ ಕೊನೆಯ ಗದ್ದೆಗೂ ನೀರು ತಲಪುವುದೇ, ಅಮಲ್ದಾರರು ಇಳಿದುಕೊಳ್ಳುವುದು ಯಾರ ಮನೆಯಲ್ಲಿ ಮತ್ತು ಅದೇಕೆ ಸದಾ ಅವರ ಮನೆಯಲ್ಲಿಯೇ ಎಂಬಿತ್ಯಾದಿ ಜಿಜ್ಞಾಸೆಗಳೆಲ್ಲ ಅರಳೀಕಟ್ಟೆಯ ಮೇಲೆ ನಡೆಯತಕ್ಕವು. ಆ ಕಟ್ಟೆಯನ್ನು ನಾನು ಸತ್ಯಯುಗದ ಸಭೆಯೆಂದು ವರ್ಣಿಸಲಾರೆ. ಹೆಂಗಸರು ಅಲ್ಲಿ ಕೂರುತ್ತಿರಲಿಲ್ಲ. ತಮಟೆ ಬಡಿದವನಿಗೆ ಅದರ ಮೆಟ್ಟಿಲು ಕೂಡ ದೂರವಾಗಿತ್ತು. ಈ ಕೊರತೆಯ ಮಾತಿಗೆ ಮುಂದೆ ಬರುತ್ತೇನೆ.

ಡಂಗುರ ಬೇರೆ, ಕಟ್ಟೆ ಬೇರೆ ಎಂಬ ಈ ಭೇದವನ್ನು ನಾನು ಪೀಠಿಕೆಗೆ ತೆಗೆದುಕೊಂಡುದಕ್ಕೆ ಕಾರಣವುಂಟು. ನಮ್ಮ ದೇಶದ ಸಮುದಾಯ ಬಾನುಲಿಯ ನಿಯಮಾವಳಿಯನ್ನು ಎಷ್ಟು ಸಲ ಓದಿದರೂ, ಅದನ್ನು ರಚಿಸಿದವರ ಮನಸ್ಸಿನಲ್ಲಿ ತಮಟೆಯ ತಳವಾರನೊಬ್ಬನು ಮಾತ್ರ ಇದ್ದನೆಂದು ನನಗೆ ತೋರುತ್ತದೆ. ವಾಯುತರಂಗಗಳು ಸಾರ್ವಜನಿಕರ ಸ್ವತ್ತೆಂದು ಸರ್ವೋಚ್ಚ ನ್ಯಾಯಾಲಯವು 1995ರಲ್ಲಿಯೇ ತೀರ್ಪಿತ್ತಿತು. ಅನಂತರ ಮೊದಲು ವಿದ್ಯಾಸಂಸ್ಥೆಗಳಿಗೆ, 2006ರ ನವೆಂಬರಿನಿಂದ ಜನಸೇವಾ ಸಂಸ್ಥೆಗಳಿಗೂ, ಚಿಕ್ಕ ಪ್ರಸಾರ ಕೇಂದ್ರಗಳನ್ನು ನಡೆಸುವ ಅವಕಾಶ ದೊರೆಯಿತು. ಶಕ್ತಿ ನೂರು ವ್ಯಾಟು. ಹಿಂದೆ ನಮ್ಮ ನಡುಮನೆಯಲ್ಲಿ ಉರಿಯುತ್ತಿದ್ದ ದೊಡ್ಡ ಬಲ್ಬು ಉಣ್ಣುತ್ತಿದ್ದುದು ಅಷ್ಟೆ. ಗೋಪುರದ ಎತ್ತರ ಮೂವತ್ತು ಮೀಟರಿಗೆ ಮೀರಕೂಡದು. ಧ್ವನಿ ಐದು ಹತ್ತು ಕಿಲೋಮೀಟರು ಹೋದರೆ ಹೆಚ್ಚು. ಕಾರ್ಯಕ್ರಮಗಳಲ್ಲಿ ಅರ್ಧದಷ್ಟಾದರೂ ಆ ಊರಿನ ಜನರೇ ಸೇರಿ ಮಾಡಿದವಾಗಿರಬೇಕು. ಇಷ್ಟೆಲ್ಲವೂ ಯುಕ್ತವೇ. ಆದರೆ, ವಾರ್ತೆಯನ್ನೂ ಪ್ರಚಲಿತ ವಿದ್ಯಮಾನಗಳ ಚರ್ಚೆಯನ್ನೂ ಈ ಕೇಂದ್ರಗಳು ಪ್ರಸಾರ ಮಾಡಕೂಡದು. ಆಕಾಶವಾಣಿಯ ವಾರ್ತೆಯನ್ನು ಕೂಡಿಸದೆ ಕಳೆಯದೆ ಮರುಪ್ರಸಾರ ಮಾಡಬಹುದು, ಅಷ್ಟೆ. ಹಾಗಾದರೆ ಊರಿನ ವರ್ತಮಾನದಲ್ಲಿ ಹೇಳಬಹುದಾದುದು ಏನೂ ಇಲ್ಲವೇ ಎಂದರೆ, ಅದಕ್ಕೂ ಒಂದು ಪಟ್ಟಿಯುಂಟು: ಆಟೋಟ, ಹವಾಮಾನ, ರಸ್ತೆಸಂಚಾರ, ಜಾತ್ರೆ ಉತ್ಸವ, ಪರೀಕ್ಷೆಯ ಫಲಿತಾಂಶ, ಉದ್ಯೋಗಾವಕಾಶ, ವಿದ್ಯುತ್ತು ನೀರುಗಳ ಪ್ರಕಟಣೆ, ಪ್ರಕೃತಿವಿಕೋಪ ಮತ್ತು ರೋಗಗಳ ಎಚ್ಚರಿಕೆ. ಇವು ವಾರ್ತೆಗಳಲ್ಲವೆಂದು ಸರ್ಕಾರವು ವ್ಯಾಖ್ಯಾನಮಾಡಿ ಬಿಟ್ಟುಕೊಟ್ಟಿದೆ.

ಈ ಪಟ್ಟಿಯನ್ನು ಇದ್ದಂತೆ ಆಚರಿಸಿದರೆ ಏನಾಗಬಹುದೆಂಬುದನ್ನು ಕಲ್ಪಿಸಿ ನೋಡೋಣ. ಬುಧವಾರ ಬೆಳಿಗ್ಗೆ ಆರರಿಂದ ಎಂಟರವರೆಗೆ ಇಂತಿಂಥ ಬೀದಿಗಳಿಗೆ ನೀರು ಬಿಡಲಾಗುವುದೆಂದು ನಿರೂಪಕಿಯು ಹೇಳಬಹುದು, ಅದು ಪ್ರಕಟಣೆ. ಗುರುವಾರ ಕೇಳುಗರಲ್ಲೊಬ್ಬಳು ದೂರವಾಣಿ ಮಾಡಿ, ನಿನ್ನೆ ನೀರು ಬರಲಿಲ್ಲವಲ್ಲ ತಾಯಿ, ಏಕೆ ಬರಲಿಲ್ಲ, ಮೇಲಿನ ಬೀದಿಗೆ ಮಾತ್ರ ಹೇಗೆ ಬಂದಿತು ಎಂದು ಕೇಳಿದಳೆನ್ನಿ. ಪುರಸಭೆಯ ಸದಸ್ಯರನ್ನು ಕರೆದು ಕೂರಿಸಿ ಅವರ ಬಾಯಿಂದಲೇ ಉತ್ತರ ಹೇಳಿಸಹೊರಟರೆ, ಅದು ಪ್ರಚಲಿತ ವಿದ್ಯಮಾನದ ಸೀಮೆಯೊಳಕ್ಕೆ ಕಾಲಿಟ್ಟಂತಾಯಿತು. ಆಗ ಆ ನಿರೂಪಕಿಗೆ ನಿರಪಾಯವಾಗಿ ಉಳಿಯುವ ಮಾರ್ಗ ಒಂದೇ, ಚಿತ್ರಗೀತೆಯೊಂದನ್ನು ಹಾಕಿಬಿಡುವುದು. ನೀರು ಬರುವುದು ಮಾಹಿತಿ, ನೀರು ಬಾರದಿರುವುದು ರಾಜಕೀಯ ಎಂಬ ಈ ತರ್ಕವು ಯಾವ ಶಾಸ್ತ್ರದ್ದೋ ನಾನರಿಯೆ.

ಬಾನುಲಿಯೆಂದರೆ ಸರ್ಕಾರದ ವಸ್ತು ಎಂಬ ಭಾವನೆ ನಮ್ಮಲ್ಲಿ ಬೇರೂರಿದ್ದರೂ, ಅದರ ಉಗಮ ನಮ್ಮ ಸೀಮೆಯಲ್ಲಿ ಹಾಗಾಗಲಿಲ್ಲವೆಂಬುದನ್ನು ಇಲ್ಲಿ ನೆನೆಯಬೇಕು. 1935ರ ಸೆಪ್ಟೆಂಬರ್ ತಿಂಗಳಲ್ಲಿ ಮೈಸೂರಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾದ ಎಂ. ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಲ್ಲಿಯೇ ಪ್ರಸಾರ ಯಂತ್ರವನ್ನಿಟ್ಟುಕೊಂಡು ಕೇಂದ್ರವನ್ನು ಆರಂಭಿಸಿದರು. ಆಕಾಶವಾಣಿ ಎಂಬ ಹೆಸರು ಮುಂದೆ ಭಾರತಕ್ಕೆಲ್ಲ ಹಬ್ಬಿದುದು ಅಲ್ಲಿಂದಲೇ. ಒಬ್ಬ ಅಧ್ಯಾಪಕನ ಮನೆಯ ಕೌತುಕದಿಂದ ಹುಟ್ಟಿದ ವಾಣಿಯದು. 1955ರಲ್ಲಿ ಬೆಂಗಳೂರು ಕೇಂದ್ರ ಆರಂಭವಾದ ಬಳಿಕ ಕೋಲಾರದ ಕಡೆಯ ರೈತನಿಗೂ ರೇಷ್ಮೆ, ಆಲೂಗೆಡ್ಡೆ, ಮಳೆಗಳ ಮಾತು ತಲಪಿತು. ಎ. ಎಸ್. ಮೂರ್ತಿಯವರು ‘ಆಕಾಶವಾಣಿ ಈರಣ್ಣ’ನಾಗಿ ಹಳ್ಳಿಯ ಜನರ ಧಾಟಿಯಲ್ಲಿಯೇ ಮಾತನಾಡಿ ಮನೆಮಾತಾದರು. ಆದರೂ ಅದು ಇಡೀ ನಾಡಿಗಾಗಿ ಆಡಿದ ಮಾತು. ಬಂಗಾರಪೇಟೆಯ ಸಂತೆಯಲ್ಲಿ ಟೊಮ್ಯಾಟೊ ಬೆಲೆ ಬಿದ್ದುದು ಅದಕ್ಕೆ ಗೊತ್ತಾಗುವ ಹೊತ್ತಿಗೆ ರೈತನು ಬುಟ್ಟಿಯನ್ನು ರಸ್ತೆಬದಿಗೆ ಸುರಿದು ಮನೆ ಸೇರಿರುತ್ತಾನೆ.

ಆದಕಾರಣ ಈ ತಾಲೂಕಿನ ಬೂದಿಕೋಟೆಯಲ್ಲಿ ನಡೆದುದು ಸಾಮಾನ್ಯ ಸಂಗತಿಯಲ್ಲ. ಹೈದರಾಲಿಯ ಜನ್ಮಸ್ಥಳವೆಂದು ಚರಿತ್ರೆಯ ಪುಸ್ತಕಗಳಲ್ಲಿ ಒಂದು ಸಾಲಿಗೆ ಪಾತ್ರವಾದ ಈ ಊರಿನಲ್ಲಿ, ಮೈರಾಡ ಮತ್ತು ವಾಯ್ಸಸ್ ಸಂಸ್ಥೆಗಳು ಯುನೆಸ್ಕೋ ನೆರವಿನಿಂದ 2001ರಲ್ಲಿ ‘ನಮ್ಮ ಧ್ವನಿ’ ಎಂಬ ಕೇಂದ್ರಕ್ಕೆ ಅಡಿಪಾಯ ಹಾಕಿದುವು. ಆಗ ಹಳ್ಳಿಯವರು ನಿಸ್ತಂತು ಪ್ರಸಾರ ಮಾಡುವುದಕ್ಕೆ ಕಾನೂನಿನಲ್ಲಿ ಎಡೆಯೇ ಇರಲಿಲ್ಲ. ಜನರು ಹತಾಶರಾಗಲಿಲ್ಲ, ಕಾರ್ಯಕ್ರಮಗಳನ್ನು ಕ್ಯಾಸೆಟ್ಟಿನಲ್ಲಿ ಮುದ್ರಿಸಿ ಸಂಘದ ಸಭೆಗಳಲ್ಲಿ ಕೇಳಿಸಿದರು, ಧ್ವನಿವರ್ಧಕದಿಂದ ಬಿತ್ತರಿಸಿದರು, ಮುಂದೆ, ಆಕಾಶದ ಮಾರ್ಗ ನಿಷಿದ್ಧವಾದರೆ ತಂತಿಯ ಮಾರ್ಗವುಂಟಲ್ಲ ಎಂದು, ಟೆಲಿವಿಷನ್ನಿನ ಕೇಬಲ್ಲಿನ ಮೂಲಕವೇ ತಮ್ಮ ಧ್ವನಿಯನ್ನು ಮನೆಮನೆಗೆ ಕಳುಹಿಸಿದರು. ತಂತಿಯ ಮೇಲೆ ನಡೆದ ಈ ಬಾನುಲಿಗೆ ‘ಬಾನು’ ಎಂಬ ಪೂರ್ವಪದವು ಒಪ್ಪುವುದೇ ಎಂದು ವೈಯಾಕರಣರು ಆಕ್ಷೇಪಿಸಬಹುದು. ಉಲಿಯಂತೂ ಊರಿನದೇ ಆಗಿತ್ತು. ಪರವಾನಗಿ ಪಡೆದು 90.4ರ ತರಂಗದಲ್ಲಿ ಕೇಳಿಬರುವಂತಾದುದು ತದನಂತರದ ಮಾತು.

ಇಲ್ಲಿ ನನಗೆ ಮುಖ್ಯವಾಗಿ ಕಾಣುವುದು ಯಂತ್ರವಲ್ಲ, ಯಂತ್ರದ ಮುಂದೆ ಕುಳಿತವರು. ಮಹಿಳೆಯರ ಸ್ವಸಹಾಯ ಸಂಘಗಳು ಈ ಕೇಂದ್ರದ ಬೆನ್ನೆಲುಬು. ಹಳೆಯ ಅರಳೀಕಟ್ಟೆಯಲ್ಲಿ ಯಾರಿಗೆ ಎಡೆಯಿರಲಿಲ್ಲವೋ ಅವರೇ ಹೊಸ ಕಟ್ಟೆಯನ್ನು ಕಟ್ಟಿದರು. ಕೂಲಿ, ಕುಡಿಯುವ ನೀರು, ಮಗುವಿನ ಲಸಿಕೆ, ಸಾಲದ ಕಂತು, ಹಸುವಿನ ಕೆಚ್ಚಲಬಾವು ಇವೆಲ್ಲ ಚರ್ಚೆಗೆ ಯೋಗ್ಯವಾದ ವಿಷಯಗಳೆಂದು ಕಟ್ಟೆಯ ಹಿರಿಯರು ಒಪ್ಪುತ್ತಿದ್ದರೋ ಇಲ್ಲವೋ; ಈ ಹೆಂಗಸರು ಮಾತ್ರ ಯಾರ ಒಪ್ಪಿಗೆಯನ್ನೂ ಕಾಯಬೇಕಾಗಿಲ್ಲ.

ವಿಧಿಯ ವಿಚಿತ್ರವನ್ನು ನೋಡಿ. ‘ನಮ್ಮ ಧ್ವನಿ’ ಹುಟ್ಟಿದ ಆ 2001ನೆಯ ಇಸವಿಯಲ್ಲಿಯೇ, ಅಲ್ಲಿಗೆ ಅನತಿದೂರದ ಕೋಲಾರ ಚಿನ್ನದ ಗಣಿಯಲ್ಲಿ, ಫೆಬ್ರವರಿ 28ರಂದು, ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯ ಬಾಗಿಲು ಮುಚ್ಚಿತು. 1880ರಲ್ಲಿ ಜಾನ್ ಟೇಲರ್ ಕಂಪೆನಿ ಕೈಯಿಟ್ಟ ದಿನದಿಂದ ನೂರಿಪ್ಪತ್ತು ವರ್ಷಗಳ ಉದ್ಯಮ. ಚಾಂಪಿಯನ್ ರೀಫ್ ಗಣಿಯಲ್ಲಿ ಮೂರು ಕಿಲೋಮೀಟರಿಗೂ ಮೀರಿ ಭೂಮಿಯೊಳಕ್ಕೆ ಇಳಿದ ಶ್ರಮ. ಆ ಗಣಿಗಾಗಿ ಶಿವನಸಮುದ್ರದಿಂದ 92 ಮೈಲಿ ದೂರ ತಂತಿ ಎಳೆದು 1902ರಲ್ಲಿ ವಿದ್ಯುತ್ತನ್ನು ತಂದರು. ಬೆಂಗಳೂರಿನ ಬೀದಿಗಳಿಗೆ ದೀಪ ಬಂದುದು ಅದಾದ ಮೂರು ವರ್ಷಗಳ ಮೇಲೆ. ಪಾಳಿಯ ಸೈರನ್ನು ಊರಿಗೆಲ್ಲ ಗಡಿಯಾರವಾಗಿತ್ತು. ಆಳದಲ್ಲಿ ಬಂಡೆ ಸಿಡಿದರೆ ಮನೆಯ ಪಾತ್ರೆಗಳು ಅದುರುತ್ತಿದ್ದುವು. ಗಂಡಸು ಪಾಳಿಯಲ್ಲಿದ್ದ ಮನೆಯವರು ಆ ಅದುರಿನಿಂದಲೇ ವಾರ್ತೆಯನ್ನು ಊಹಿಸಿ, ಗಣಿಯ ಬಾಯಿಯ ಕಡೆಗೆ ಓಡುತ್ತಿದ್ದರು. ಅಂಥ ಊರಿಗೆ ವಾರ್ತೆ ಎಂದರೇನೆಂಬುದನ್ನು ದೆಹಲಿಯ ವ್ಯಾಖ್ಯಾನ ಕಲಿಸಬೇಕಾಗಿಲ್ಲ. ತನ್ನ ವರ್ತಮಾನವನ್ನು ತಾನೇ ಬರೆದುಕೊಂಡ ಸಂಪ್ರದಾಯವೂ ಅದಕ್ಕುಂಟು: ದಲಿತ ಚಿಂತಕ ಪಂಡಿತ ಅಯೋತಿದಾಸರು 1907ರಲ್ಲಿ ಮದರಾಸಿನಲ್ಲಿ ಆರಂಭಿಸಿದ ‘ತಮಿಳನ್’ ವಾರಪತ್ರಿಕೆಯು ಅವರ ಕಾಲಾನಂತರ ಕೆಲವು ವರ್ಷ ಈ ಗಣಿಯೂರಿನಿಂದಲೇ ಹೊರಬಿದ್ದಿತು. ಊರಕಟ್ಟೆಯಿಂದ ದೂರವಿಟ್ಟಿದ್ದ ಜನರು, ಸುರಂಗದ ದುಡಿಮೆಯ ನಡುವೆ, ಬೌದ್ಧ ಸಂಘವನ್ನೂ ಪತ್ರಿಕೆಯನ್ನೂ ಕಟ್ಟಿಕೊಂಡು ತಮ್ಮದೇ ಕಟ್ಟೆಯ ಮೇಲೆ ಕುಳಿತ ಕಥೆಯದು.

ಗಣಿಗೂ ಬಾನುಲಿಗೂ ಎತ್ತಣ ಸಂಬಂಧವೆಂದು ಕೇಳುವವರು ದಕ್ಷಿಣ ಅಮೆರಿಕದ ಬೊಲಿವಿಯಾ ದೇಶವನ್ನು ನೋಡಬೇಕು. ಅಲ್ಲಿಯ ತವರದ ಗಣಿಗಳ ಕೂಲಿಕಾರರು 1940ರ ದಶಕದ ಕೊನೆಯಿಂದ ತಮ್ಮ ಸಂಬಳದಲ್ಲಿ ಒಂದು ಭಾಗವನ್ನು ಕೊಟ್ಟು ತಮ್ಮವೇ ಬಾನುಲಿ ಕೇಂದ್ರಗಳನ್ನು ಸ್ಥಾಪಿಸಿದರು. ಸ್ಪ್ಯಾನಿಷ್ ಜೊತೆಗೆ ಕೆಚುವಾ ಭಾಷೆಯಲ್ಲಿಯೂ ಅಲ್ಲಿ ಮಾತು ನಡೆಯುತ್ತಿತ್ತು. ಸಂಘದ ಸಭೆ, ಮದುವೆಯ ಕರೆಯೋಲೆ, ಕಾಲ್ಚೆಂಡಿನ ಪಂದ್ಯ, ಸರ್ಕಾರದ ಮೇಲಿನ ದೂರು ಎಲ್ಲವೂ ಒಂದೇ ಧ್ವನಿವಾಹಕದಲ್ಲಿ. ಸೈನ್ಯವು ಹಲವು ಬಾರಿ ಅವುಗಳ ಮೇಲೆ ಎರಗಿ ಯಂತ್ರಗಳನ್ನು ಒಡೆಯಿತು. ಜನರು ಮತ್ತೆ ಕಟ್ಟಿದರು. ಆದರೆ 1985ರಲ್ಲಿ ತವರದ ಬೆಲೆ ಕುಸಿದು ಗಣಿಗಳು ಮುಚ್ಚಿದಾಗ, ಬಂದೂಕಿಗೆ ಬಗ್ಗದ ಆ ಕೇಂದ್ರಗಳಲ್ಲಿ ಬಹುಭಾಗ ಮೌನವಾದುವು. ಸಂಬಳವಿಲ್ಲದಲ್ಲಿ ವಂತಿಗೆ ಎಲ್ಲಿಂದ ಬರಬೇಕು? ನಮ್ಮ ಗಣಿಯೂರಿಗೂ ಈ ಪ್ರಶ್ನೆ ಇದ್ದೇ ಇದೆ, ಮತ್ತು ನನ್ನಲ್ಲಿ ಅದಕ್ಕೆ ಪೂರ್ಣವಾದ ಉತ್ತರವಿಲ್ಲ. ಜಿಲ್ಲೆಯ ಗಣಿಬಾಧಿತ ಪ್ರದೇಶಕ್ಕೆಂದೂ ನಗರಸಭೆಗೆಂದೂ ಬರುವ ಹಣದಲ್ಲಿ ಅತ್ಯಲ್ಪಾಂಶ ಸಾಕು. ಆದರೆ ಹಣ ಕೊಟ್ಟವರನ್ನೇ ಪ್ರಶ್ನಿಸುವ ಧೈರ್ಯವು ಆ ಕೇಂದ್ರಕ್ಕೆ ಉಳಿಯಬೇಕೆಂಬುದು ಕಷ್ಟದ ಭಾಗ.

ವಾರ್ತೆಗೆ ಅವಕಾಶ ಕೊಟ್ಟರೆ ವದಂತಿ ಹಬ್ಬೀತು, ಭಾಷೆ ಭಾಷೆಗಳ ನಡುವೆ ಕಲಹವೆದ್ದೀತು, ಚುನಾವಣೆಯ ಕಾಲಕ್ಕೆ ಯಾರೋ ಬಲಶಾಲಿ ಕೇಂದ್ರವನ್ನು ಜೇಬಿಗಿಳಿಸಿಯಾನು ಎಂಬ ಭೀತಿಯನ್ನು ನಾನು ಹಗುರವಾಗಿ ತಳ್ಳಿಹಾಕುವುದಿಲ್ಲ. ಕಡೆಯದಂತೂ ಆಗಿಯೇ ಆದೀತು. ಆದರೆ ಬಾನುಲಿ ಕೇಂದ್ರಕ್ಕೆ ವಿಳಾಸವುಂಟು, ಪರವಾನಗಿಯುಂಟು. ಪ್ರಸಾರವಾದ ಪ್ರತಿಯೊಂದು ಕಾರ್ಯಕ್ರಮವನ್ನೂ ಮೂರು ತಿಂಗಳು ಜೋಪಾನ ಮಾಡಿಡಬೇಕೆಂಬ ನಿಯಮವುಂಟು. ಸುಳ್ಳಾಡಿದವನನ್ನು ಅವನ ಮಾತಿನಿಂದಲೇ ಹಿಡಿದು ನಿಲ್ಲಿಸಬಹುದು. ಇಂದು ಊರಿನ ವರ್ತಮಾನವೆಲ್ಲ ಹರಿಯುತ್ತಿರುವುದು ವಾಟ್ಸಾಪ್ ಗುಂಪುಗಳಲ್ಲಿ. ಅಲ್ಲಿ ಯಾರು ಮೊದಲು ಹೇಳಿದರೆಂಬುದು ನದೀಮೂಲದಂತೆ ಅಗೋಚರ. ದಾಖಲೆಯಿರುವ ಬಾಯಿಗೆ ಬೀಗ ಹಾಕಿ, ದಾಖಲೆಯಿಲ್ಲದ ಬಾಯಿಗಳನ್ನು ಸಹಸ್ರವಾಗಿ ತೆರೆದಿಟ್ಟು, ಶಾಂತಿಪಾಲನೆ ಮಾಡಿದೆವೆಂದು ನಂಬುವುದು ಹೇಗೆ?

ಭಾಷೆಯ ವಿಷಯದಲ್ಲಿ ಒಂದು ಮಾತು. ಬೂದಿಕೋಟೆಯ ಚಿಕ್ಕ ಗೋಪುರದ ಧ್ವನಿ ರಾಬರ್ಟ್‌ಸನ್‌ಪೇಟೆ, ಆಂಡರ್ಸನ್‌ಪೇಟೆಗಳವರೆಗೆ ಹೋಗುವಂಥದಲ್ಲ. ಗಣಿಯೂರಿಗೆ ಅದರದೇ ಕೇಂದ್ರ ಬೇಕು, ಮತ್ತು ಅದು ಕನ್ನಡದ ಜೊತೆಗೆ ತಮಿಳು, ತೆಲುಗು, ಉರ್ದುಗಳಲ್ಲಿಯೂ ಮಾತನಾಡಬೇಕು. ಕನ್ನಡಿಗನಾದ ನಾನು ಇದನ್ನು ಹೇಳುವುದಕ್ಕೆ ಸಂಕೋಚಪಡುವುದಿಲ್ಲ. ಮಡಿಕೇರಿಯ ಆಕಾಶವಾಣಿ ಕೊಡವ ತಕ್ಕನ್ನೂ ಅರೆಭಾಷೆಯನ್ನೂ ಬಳಸಿದುದರಿಂದ ಕೊಡಗಿನಲ್ಲಿ ಕನ್ನಡ ಕ್ಷೀಣಿಸಲಿಲ್ಲ. ಮಂಗಳೂರಿನ ಸಂತ ಅಲೋಶಿಯಸ್ ಸಂಸ್ಥೆಯ ‘ಸಾರಂಗ್’ ಕೇಂದ್ರದಲ್ಲಿ ತುಳು, ಕೊಂಕಣಿ, ಬ್ಯಾರಿ ಮಾತುಗಳು ಕನ್ನಡದ ಮಗ್ಗುಲಲ್ಲಿಯೇ ಕುಳಿತಿವೆ. ರೈಲಿನ ಬೆಂಚಿನ ಮೇಲೆ ಪ್ರತಿದಿನವೂ ನಿರಾಯಾಸವಾಗಿ ನಡೆಯುವ ಸಾಮರಸ್ಯವು ಧ್ವನಿವಾಹಕದ ಮುಂದೆ ಬಂದೊಡನೆ ಏಕೆ ಕೆಡಬೇಕು?

ಅಂಥದೊಂದು ಕೇಂದ್ರ ಬಂದರೆ ಮಾತಿಗೆ ಬರವಿರದು. ಬೇಸಗೆಯ ಗಾಳಿಗೆ ಗಣಿಯ ತ್ಯಾಜ್ಯದ ಸೈನೈಡ್ ಗುಡ್ಡಗಳಿಂದ ಏಳುವ ಬಿಳಿಯ ಧೂಳು ಯಾರ ಅಂಗಳಕ್ಕೆ ಬೀಳುತ್ತದೆ. ಗಣಿಯ ಕ್ವಾರ್ಟರ್ಸಿನ ಮನೆಗಳು ಕಡೆಗೆ ಯಾರ ಹೆಸರಿನಲ್ಲಿ ನಿಲ್ಲುತ್ತವೆ. ಮುಂಜಾನೆಯ ಕತ್ತಲೆಯಲ್ಲಿ ಹೊರಟು ಬೆಂಗಳೂರಿನಲ್ಲಿ ದುಡಿದು ರಾತ್ರಿ ಮರಳುವವರಿಗೆ ಇನ್ನೆರಡು ಡಬ್ಬಿ ಸೇರಿಸಬಾರದೇ. ಬಂಗಾರಪೇಟೆಯ ಪಾನಿಪೂರಿಯ ನೀರು ತಿಳಿಯಾಗಿಯೂ ಅಷ್ಟು ಖಾರವಾಗಿರುವುದು ಹೇಗೆ (ಇದನ್ನು ವಾರ್ತೆಯೆಂದು ಯಾರೂ ತಡೆಯಲಾರರು). ಎಲ್ಲಕ್ಕಿಂತ ಮೊದಲು ಮಾಡತಕ್ಕ ಕೆಲಸ ಇನ್ನೊಂದು. ಗಣಿ ಮುಚ್ಚಿದಾಗ ನಲವತ್ತೈದರ ಪ್ರಾಯದಲ್ಲಿದ್ದವರು ಇಂದು ಎಪ್ಪತ್ತರ ಸಮೀಪಕ್ಕೆ ಬಂದಿದ್ದಾರೆ. ಯಾವ ಸುರಂಗದಲ್ಲಿ ಬಂಡೆ ಹೇಗೆ ಮುಲುಗುತ್ತಿತ್ತು, ಯಾವ ಸಪ್ಪಳ ಕೇಳಿದರೆ ಕೆಲಸ ಬಿಟ್ಟು ಓಡಬೇಕಾಗಿತ್ತು ಎಂಬುದು ಅವರ ಕಿವಿಗಳಲ್ಲಿ ಮಾತ್ರ ಉಳಿದಿದೆ, ಮತ್ತು ಅವರಲ್ಲಿ ಅನೇಕರ ಶ್ವಾಸಕೋಶಗಳು ದೀರ್ಘವಾದ ವಾಕ್ಯವನ್ನು ಒಂದೇ ಉಸಿರಿನಲ್ಲಿ ಮುಗಿಸಲಾರವು. ಸಾಯಂಕಾಲ ಐದು ಗಂಟೆಗೆ ಅವರು ಯಾವ ಚಹದಂಗಡಿಯ ಮುಂದೆ ಕೂಡುತ್ತಾರೆಂಬುದನ್ನು ರಾಬರ್ಟ್‌ಸನ್‌ಪೇಟೆಯಲ್ಲಿ ಯಾರನ್ನು ಕೇಳಿದರೂ ತೋರಿಸುತ್ತಾರೆ.